ನಿಮ್ಮ ಕಲ್ಪನೆಯ ಪಂಚಾಂಗಕ್ಕೊಂದು ಸೂತಕದ ತಿಂಗಳು: ಕಟ್ಟೋದು ಹೇಗೆ?

ಕಲ್ಪನೆಯ ಲೋಕ ಕಟ್ಟಿ ಕಥೆ ಬರೆಯುವವರು, ಗೆಳೆಯರನ್ನು ಸುತ್ತ ಕೂರಿಸಿಕೊಂಡು ಪಾತ್ರ ಕೊಟ್ಟು ಆಟ ಆಡಿಸುವವರು, ಒಂದಲ್ಲ ಒಂದು ದಿನ ಆ ಲೋಕಕ್ಕೆ ಪಂಚಾಂಗ ಮಾಡೋಕೆ ಕೂರುತ್ತಾರೆ. ತಿಂಗಳುಗಳಿಗೆ ಚೆಂದದ ಹೆಸರಿಡುತ್ತಾರೆ. ಒಂದು ತಿಂಗಳ ಮುಂದೆ ‘ಶೋಕ’ ಅಂತ ಗುರುತು ಹಾಕಿ ಮುಂದೆ ಹೋಗುತ್ತಾರೆ. ಆ ತಿಂಗಳು ಏನಾಗುತ್ತದೆ ಅಂತ ಕೇಳಿ ನೋಡಿ. ‘ಎಲ್ಲರೂ ಕಪ್ಪು ಬಟ್ಟೆ ಹಾಕ್ತಾರೆ, ದುಃಖದಲ್ಲಿರ್ತಾರೆ’ ಅನ್ನೋದೇ ಉತ್ತರ.

ಊರಿಗೆ ಊರೇ ಒಂದು ತಿಂಗಳು ದುಃಖದಲ್ಲಿ ಕೂರೋಕಾಗಲ್ಲ. ಹಸು ಕರೆಯಬೇಕು, ಸೌದೆ ಒಣಗಿಸಬೇಕು, ಮಕ್ಕಳಿಗೆ ಉಣ್ಣೋಕೆ ಹಾಕಬೇಕು. ಅದೂ ಅಲ್ಲದೆ ಇನ್ನೂರು ವರ್ಷದ ಹಿಂದೆ ಸತ್ತವರಿಗಾಗಿ ಇವತ್ತು ಯಾರ ಕಣ್ಣಲ್ಲಿ ನೀರು ಬರುತ್ತದೆ ಹೇಳಿ? ನನ್ನ ಲೆಕ್ಕದಲ್ಲಿ ಊರ ಸೂತಕ ಅಂದರೆ ನಿಂತುಹೋದ ಕೆಲಸ. ಏನು ನಿಂತಿತು, ನಿಂತಿದ್ದರ ನಷ್ಟ ಯಾರ ತಲೆ ಮೇಲೆ ಬಿತ್ತು, ಮತ್ತೆ ಶುರು ಮಾಡುವ ಹಕ್ಕು ಯಾರದ್ದು. ಇಷ್ಟು ಗೊತ್ತಾದರೆ ತಿಂಗಳು ತಾನಾಗಿ ನಿಲ್ಲುತ್ತದೆ. ಅಳು ಬೇಕಾದರೆ ಆಮೇಲೆ ಸೇರಿಸಿ.

ಕೊಡಗಿನಲ್ಲಿ ಕೂತು ಬರೆಯುತ್ತಿರುವುದರಿಂದ ಉದಾಹರಣೆಗಳೂ ಇಲ್ಲಿನವೇ ಜಾಸ್ತಿ ಬರುತ್ತವೆ. ಜೊತೆಗೆ ಹೆಜ್ಜೆ ಹೆಜ್ಜೆಗೂ ಒಂದು ಸುಳ್ಳು ತಿಂಗಳನ್ನೂ ಕಟ್ಟುತ್ತಾ ಹೋಗೋಣ. ಅದರ ಹೆಸರು ‘ಮಂಕಾರು’ ಅಂತಿರಲಿ.

ಮೊದಲು: ಸತ್ತವರು ಯಾರು, ಸೂತಕ ಯಾರಿಗೆ

‘ಒಬ್ಬ ಮಹಾರಾಜ ತೀರಿಕೊಂಡ, ಅದಕ್ಕೇ ಶೋಕ’ ಅಂತ ಬರೆದರೆ ಆ ತಿಂಗಳು ಎರಡು ತಲೆಮಾರೂ ಬಾಳಲ್ಲ. ರಾಜ ಸತ್ತರೆ ಇನ್ನೊಬ್ಬ ರಾಜ ಬರುತ್ತಾನೆ, ಅಷ್ಟೇ. ನಿಜ ಜಗತ್ತಿನಲ್ಲಿ ತುಂಬಾ ಕಾಲ ಬಾಳಿದ ಸಾಮೂಹಿಕ ಶೋಕ ಅಂದರೆ ಮೊಹರಂ. ಇರಾಕಿನ ಕರ್ಬಲಾದಲ್ಲಿ ಪ್ರವಾದಿ ಮಹಮ್ಮದರ ಮೊಮ್ಮಗ ಹುಸೇನರು ಹತರಾಗಿದ್ದು ಕ್ರಿ.ಶ. 680ರಲ್ಲಿ. ಆ ನೋವು ಇನ್ನೂ ಹಸಿಯಾಗಿರೋದು ಯಾಕೆ? ಅಲ್ಲಿ ಬರೀ ಸಾವಿಲ್ಲ, ಅನ್ಯಾಯ ಇದೆ. ನೀರು ಸಿಗದಂತೆ ತಡೆದ ಕಥೆ ಇದೆ. ನೆರವಿಗೆ ಬರುತ್ತೇವೆ ಅಂದವರು ಬರದೇ ಹೋದ ಕಥೆಯೂ ಇದೆ. ಸಾವಿನ ಜೊತೆ ಬಾಕಿ ಒಂದು ಉಳಿದುಬಿಟ್ಟರೆ ಶೋಕ ಮುಗಿಯೋದಿಲ್ಲ.

ಹಾಗಾಗಿ ನಿಮ್ಮ ತಿಂಗಳಿಗೂ ತೀರದ ಬಾಕಿಯೊಂದನ್ನು ಹುಡುಕಿ. ಮಂಕಾರಿಗೆ ನಾನು ಇಟ್ಟುಕೊಂಡಿದ್ದು ಇದು: ಒಂದು ಕಣಿವೆ, ಮೇಲಿನೂರು, ಕೆಳಗಿನೂರು. ಒಂದು ಮಳೆಗಾಲ ಹೊಳೆ ಏರಿ ಕೆಳಗಿನೂರಿನವರು ಮೇಲೆ ಓಡಿ ಬಂದರು. ಮೇಲಿನೂರಿನವರು ಕಣಜದ ಬಾಗಿಲು ಮುಚ್ಚಿಕೊಂಡರು. ಎಲ್ಲರಿಗೂ ಹಂಚಿದರೆ ಯಾರಿಗೂ ಸಾಲದು ಅಂತ ಸೇರಿನಲ್ಲಿ ಅಳೆದು ನೋಡಿಯೇ ಮುಚ್ಚಿದರು. ಕೆಳಗಿನೂರಿನ ಅರ್ಧ ಜನ ಹಸಿವಿನಿಂದ ಸತ್ತರು. ಈಗ ವರ್ಷಾ ವರ್ಷಾ ಸೂತಕ ಹಿಡಿಯುವವರು ಯಾರು? ಬಾಗಿಲು ಮುಚ್ಚಿದವರ ಮಕ್ಕಳು ಮೊಮ್ಮಕ್ಕಳು. ಸತ್ತವರ ಕಡೆಯವರು ಅಲ್ಲೇ ಕೆಳಗೆ ಇದ್ದಾರೆ, ನೋಡುತ್ತಿದ್ದಾರೆ. ಸಾವು ಒಬ್ಬರದ್ದು, ಸೂತಕ ಇನ್ನೊಬ್ಬರದ್ದು ಆದ ತಕ್ಷಣ ಕಥೆಗೆ ಜೀವ ಬರುತ್ತದೆ.

ಇಲ್ಲೊಂದು ಮಾತು. 2018ರ ಆಗಸ್ಟಿನ ಮಳೆಯಲ್ಲಿ ಕೊಡಗಿನ ಗುಡ್ಡಗಳು ಜರಿದದ್ದನ್ನು ನಾವೆಲ್ಲ ಕಂಡಿದ್ದೇವೆ. 2020ರಲ್ಲಿ ತಲಕಾವೇರಿಯ ಬ್ರಹ್ಮಗಿರಿ ಕುಸಿದಿದ್ದೂ ಗೊತ್ತು. ಇಂಥದ್ದನ್ನು ಹೆಸರು ಬದಲಾಯಿಸಿ ಹಾಗೇ ಎತ್ತಿ ಕಥೆಗೆ ಹಾಕಬೇಡಿ ಅಂತ ನನ್ನ ಸಲಹೆ. ಮನೆ ಕಳೆದುಕೊಂಡವರು ಇನ್ನೂ ನಮ್ಮ ನಡುವೆ ಇದ್ದಾರೆ. ಮಳೆಯ ಭಯ ತಗೊಳ್ಳಿ, ಘಟನೆ ಬೇಡ.

ಎರಡನೆಯದು: ವರ್ಷದಲ್ಲಿ ಎಲ್ಲಿ ಕೂರಿಸೋದು

ಊರಿನ ಕೆಲಸದ ಪಟ್ಟಿ ಮೊದಲು ಬರೆದುಕೊಳ್ಳಿ. ಬಿತ್ತನೆ ಯಾವಾಗ, ಕೊಯ್ಲು ಯಾವಾಗ, ದಾರಿ ಯಾವಾಗ ಮುಚ್ಚುತ್ತದೆ, ಕೈಯಲ್ಲಿ ದುಡ್ಡು ಯಾವಾಗ ಓಡಾಡುತ್ತದೆ. ಅದರ ಮೇಲೆ ಸೂತಕದ ತಿಂಗಳನ್ನು ಇಟ್ಟು ನೋಡಿ.

ನಮ್ಮ ಕೊಡಗಿನ ಕಕ್ಕಡ ತಿಂಗಳು ನೋಡಿ. ಜುಲೈ ಮಧ್ಯದಿಂದ ಆಗಸ್ಟ್ ಮಧ್ಯದವರೆಗೆ. ಇದು ಸೂತಕದ ತಿಂಗಳಲ್ಲ, ಅದನ್ನು ಮೊದಲೇ ಹೇಳಿಬಿಡುತ್ತೇನೆ. ಆದರೆ ಮದುವೆ ಇಲ್ಲ, ಗೃಹಪ್ರವೇಶ ಇಲ್ಲ, ಶುಭ ಕಾರ್ಯ ಏನೂ ಇಲ್ಲ. ತುಳುನಾಡಿನ ಆಟಿಯೂ ಹೀಗೇ, ಬಯಲುಸೀಮೆಯ ಆಷಾಢವೂ ಹೆಚ್ಚು ಕಡಿಮೆ ಹೀಗೇ. ಕಾರಣ ಹುಡುಕೋಕೆ ಶಾಸ್ತ್ರ ಬೇಡ, ಕಿಟಕಿ ತೆಗೆದು ಹೊರಗೆ ನೋಡಿದರೆ ಸಾಕು. ಮಳೆ ಹಿಡಿದರೆ ಬಿಡೋದಿಲ್ಲ, ಭಾಗಮಂಡಲದಲ್ಲಿ ಸಂಗಮ ತುಂಬಿ ರಸ್ತೆ ಮೇಲೆ ನೀರು ಬರುತ್ತದೆ, ಕರೆಂಟು ಹೋದರೆ ಯಾವಾಗ ಬರುತ್ತದೋ ದೇವರೇ ಬಲ್ಲ, ಗದ್ದೆಯಲ್ಲಿ ನಾಟಿ ಬೇರೆ ನಡೆಯುತ್ತಿರುತ್ತದೆ. ಈ ಕೆಸರಲ್ಲಿ ಜಿಗಣೆ ಕಿತ್ತುಕೊಳ್ಳುತ್ತಾ ಮದುವೆಗೆ ಯಾರು ಬರುತ್ತಾರೆ? ಆಚರಣೆಯೂ ಹವಾಮಾನವೂ ಒಂದಕ್ಕೊಂದು ಹೊಂದಿಕೊಂಡಿರೋದರಿಂದಲೇ ಇಂಥ ತಿಂಗಳು ಯಾರ ಒತ್ತಾಯವೂ ಇಲ್ಲದೆ ನಡೆದುಕೊಂಡು ಹೋಗುತ್ತದೆ.

ಇದು ಸುಲಭದ ದಾರಿ. ಕಷ್ಟದ ದಾರಿ ಅಂದರೆ ತಿಂಗಳನ್ನು ಬೇಕಂತಲೇ ಕೆಲಸದ ನಡುವೆ ಇಡೋದು. ಕಾಫಿ ಕೊಯ್ಲಿನ ಕಾಲ, ಡಿಸೆಂಬರ್–ಜನವರಿಯಲ್ಲಿ, ‘ಒಂದು ತಿಂಗಳು ಯಾರೂ ಗಿಡ ಮುಟ್ಟುವಂತಿಲ್ಲ’ ಅಂದರೆ ಏನಾಗುತ್ತದೆ ಯೋಚಿಸಿ. ಹಣ್ಣು ಗಿಡದಲ್ಲೇ ಒಣಗಿ ಉದುರುತ್ತದೆ. ತೋಟದ ಮಾಲೀಕ ಕೈ ಕೈ ಹಿಸುಕಿಕೊಳ್ಳುತ್ತಾನೆ, ಸರಿ. ಆದರೆ ತೋಟದ ಲೈನ್ ಮನೆಗಳಲ್ಲಿರುವ ಕೂಲಿಯವರಿಗೆ ಆ ತಿಂಗಳ ಕೂಲಿಯೇ ಇಲ್ಲ. ಇಂಥ ಸೂತಕವನ್ನು ಜಾರಿಯಲ್ಲಿಡೋಕೆ ದೊಡ್ಡ ಶಕ್ತಿ ಬೇಕು. ಧರ್ಮವೋ, ದಂಡವೋ, ಭಯವೋ. ಅದು ಯಾವುದು ಅಂತ ನಿಮಗೆ ಗೊತ್ತಿದ್ದರೆ ಮಾತ್ರ ಈ ದಾರಿ ಹಿಡಿಯಿರಿ.

ಮಂಕಾರು ಮಳೆಗಾಲದ ನಡುವೆಯೇ ಇರಲಿ. ಹೊಳೆ ಏರಿದ್ದೇ ಆಗ.

ಮೂರನೆಯದು: ದಿನದ ಲೆಕ್ಕ

ಲೆಕ್ಕ ಅಂದರೆ ಬೇಜಾರು ಅಂತ ಹಾರಿಸಬೇಡಿ, ಇಲ್ಲಿ ಪುಕ್ಕಟೆ ಕಥೆಗಳು ಸಿಗುತ್ತವೆ.

ಸೂರ್ಯನ ಲೆಕ್ಕ ಇಟ್ಟರೆ ತಿಂಗಳು ಋತುವಿಗೆ ಅಂಟಿಕೊಂಡಿರುತ್ತದೆ. ಚಂದ್ರನ ಲೆಕ್ಕ ಮಾತ್ರ ಇಟ್ಟರೆ ತಿರುಗುತ್ತದೆ. ಚಾಂದ್ರ ವರ್ಷಕ್ಕೆ ಸುಮಾರು 354 ದಿನ, ಹಾಗಾಗಿ ಮೊಹರಂ ಪ್ರತಿ ವರ್ಷ ಹತ್ತು–ಹನ್ನೊಂದು ದಿನ ಮುಂಚೆ ಬರುತ್ತದೆ, ಸುಮಾರು 33 ವರ್ಷಕ್ಕೆ ಒಂದು ಸುತ್ತು ಮುಗಿಸುತ್ತದೆ. ನಿಮ್ಮ ಪಾತ್ರವೊಂದು ಚಿಕ್ಕಂದಿನಲ್ಲಿ ಸುಡುಬಿಸಿಲಲ್ಲಿ ಹಿಡಿದ ಸೂತಕವನ್ನು ನಡುವಯಸ್ಸಿನಲ್ಲಿ ಚಳಿಯಲ್ಲಿ ಹಿಡಿಯುತ್ತದೆ. ‘ನಮ್ಮ ಕಾಲದಲ್ಲಿ ಬಾಯಾರಿ ಸಾಯ್ತಿದ್ವಿ, ಈಗಿನವರಿಗೇನು ಗೊತ್ತು’ ಅನ್ನೋ ಅಜ್ಜಿ ಲೆಕ್ಕದಿಂದಲೇ ಹುಟ್ಟಿಬಿಡುತ್ತಾಳೆ. ಎರಡನ್ನೂ ಹೊಂದಿಸುವ ನಮ್ಮ ಪಂಚಾಂಗದಲ್ಲಿ ಸುಮಾರು 32–33 ತಿಂಗಳಿಗೊಮ್ಮೆ ಅಧಿಕ ಮಾಸ ಬರುತ್ತದೆ. ನಿಮ್ಮ ಲೋಕದಲ್ಲಿ ಸೂತಕದ ತಿಂಗಳೇ ಅಧಿಕವಾಗಿ ಎರಡು ಸಲ ಬಂದರೆ? ಎರಡನೇ ಸಲವೂ ಹಿಡಿಯಬೇಕಾ, ಬೇಡವಾ ಅಂತ ಪುರೋಹಿತರು ಜಗಳಕ್ಕೆ ಬೀಳಲಿ.

ಸೌರ ತಿಂಗಳೆಲ್ಲ ಒಂದೇ ಉದ್ದ ಇರೋದಿಲ್ಲ ಅನ್ನೋದೂ ನೆನಪಿರಲಿ. ಭೂಮಿ ಸೂರ್ಯನಿಂದ ಅತಿ ದೂರ ಇರೋದು ಜುಲೈ ಮೊದಲ ವಾರದ ಹೊತ್ತಿಗೆ. ಆಗ ಅದರ ನಡಿಗೆ ನಿಧಾನ. ಹಾಗಾಗಿ ಮಿಥುನ, ಕರ್ಕಾಟಕ ಮಾಸಗಳು 31–32 ದಿನ ಎಳೆಯುತ್ತವೆ, ಧನು ಮಾಸ 29–30ಕ್ಕೇ ಮುಗಿಯುತ್ತದೆ. ಮಳೆಗಾಲದ ತಿಂಗಳು ಮುಗಿಯೋದೇ ಇಲ್ಲ ಅಂತ ನಮಗೆ ಅನ್ನಿಸೋದರಲ್ಲಿ ಸ್ವಲ್ಪ ಖಗೋಳವೂ ಇದೆ, ಅಲ್ವಾ.

ಮಂಕಾರಿಗೆ ನಾನು ಮಾಡಿದ್ದು: ಶುರು ಗುರುತಿನಿಂದ, ಮುಕ್ತಾಯ ಎಣಿಕೆಯಿಂದ. ಹೊಳೆಯ ನಡುವಿನ ಒಂದು ಬಂಡೆ ಮುಳುಗಿದ ದಿನ ಶುರು, ಅಲ್ಲಿಂದ 32 ದಿನ. ಮಳೆ ಕೈಕೊಟ್ಟ ವರ್ಷ ಬಂಡೆ ಮುಳುಗೋದೇ ಇಲ್ಲ. ಆಗ ಮೇಲಿನೂರಿನವರು ‘ಈ ಸಲ ತಪ್ಪಿತು’ ಅಂತ ಖುಷಿಪಡುತ್ತಾರಾ, ‘ಬಾಕಿ ಮುಂದಕ್ಕೆ ಹೋಯಿತು’ ಅಂತ ಹೆದರುತ್ತಾರಾ? ಅರ್ಧ ಊರು ಹೀಗೆ, ಅರ್ಧ ಊರು ಹಾಗೆ ಅಂತ ಬರೆಯಿರಿ.

ನಾಲ್ಕನೆಯದು: ಏನು ನಿಲ್ಲಿಸೋದು

ಲೇಖನದ ಹೊಟ್ಟೆ ಇದು. ಕೊಡಗಿನ ಹಳ್ಳಿಗಳಲ್ಲಿ ಊರ ದೇವರ ಹಬ್ಬಕ್ಕೆ ಮುಂಚೆ ‘ಕಟ್ಟು’ ಬೀಳುತ್ತದೆ. ಕಟ್ಟು ಬಿತ್ತು ಅಂದರೆ ಊರ ಎಲ್ಲೆಯೊಳಗೆ ಹಸಿ ಮರ ಕಡಿಯುವಂತಿಲ್ಲ, ಪ್ರಾಣಿ ಕೊಲ್ಲುವಂತಿಲ್ಲ, ಮದುವೆ ಮುಂಜಿ ಇಲ್ಲ. ಹಬ್ಬ ಮುಗಿದ ಮೇಲೆ ಕಟ್ಟು ಸಡಿಲ. ಇದರಲ್ಲಿ ಕಲಿಯಬೇಕಾದ್ದು ಮೂರು ವಿಷಯ. ನಿಯಮ ಕಡಿಮೆ. ಎಲ್ಲರಿಗೂ ಬಾಯಿಪಾಠ. ಮುರಿದರೆ ಕಣ್ಣಿಗೆ ಬೀಳುತ್ತದೆ. ಕಡಿದ ಮರ ಬಚ್ಚಿಡೋಕಾಗಲ್ಲ. ‘ಮನಸ್ಸಿನಲ್ಲಿ ಕೆಟ್ಟದ್ದು ಯೋಚಿಸಬಾರದು’ ಅನ್ನೋಥರದ ನಿಯಮ ಕಥೆಗೆ ಉಪಯೋಗಕ್ಕೆ ಬಾರದು. ಅದನ್ನು ಮುರಿದದ್ದು ಯಾರಿಗೆ ಕಾಣುತ್ತದೆ?

ಪ್ರಾಚೀನ ರೋಮಿನಲ್ಲೂ ಹೀಗೇ ಇತ್ತು. ಫೆಬ್ರವರಿ 13ರಿಂದ 21ರವರೆಗೆ ಪರೆಂಟಾಲಿಯಾ, ಮನೆಯ ಹಿರಿಯರ ಸ್ಮರಣೆ. ಆ ದಿನಗಳಲ್ಲಿ ದೇವಸ್ಥಾನಗಳ ಬಾಗಿಲು ಹಾಕುತ್ತಿದ್ದರು, ಮದುವೆ ಇರುತ್ತಿರಲಿಲ್ಲ, ಅಧಿಕಾರಿಗಳು ತಮ್ಮ ಅಧಿಕಾರದ ಲಾಂಛನ ತೆಗೆದಿಟ್ಟು ಓಡಾಡಬೇಕಿತ್ತು. ಕೊನೆಯದು ನನಗೆ ತುಂಬಾ ಇಷ್ಟ. ಸತ್ತವರ ಮುಂದೆ ಅಧಿಕಾರಿಯೂ ಸುಮ್ನೆ ಒಬ್ಬ ಮನುಷ್ಯ.

ನಿಯಮಗಳನ್ನು ಎಲ್ಲಿಂದಲೋ ತರಬೇಡಿ. ಮೊದಲ ಹೆಜ್ಜೆಯಲ್ಲಿ ಬರೆದ ಬಾಕಿಯಿಂದಲೇ ಹುಟ್ಟಿಸಿ. ಮಂಕಾರಿನಲ್ಲಿ ತಪ್ಪು ನಡೆದದ್ದು ಬಾಗಿಲು ಮುಚ್ಚಿದ್ದರಿಂದ, ಸೇರು ಹಿಡಿದು ಅಳೆದದ್ದರಿಂದ. ಹಾಗಾಗಿ ನಿಯಮ ಎರಡೇ. ಒಂದು, 32 ದಿನ ಯಾವ ಬಾಗಿಲಿಗೂ ಅಗುಳಿ ಹಾಕುವಂತಿಲ್ಲ. ಎರಡು, ಯಾವುದನ್ನೂ ಅಳೆಯುವಂತಿಲ್ಲ. ಸೇರು, ಪಾವು, ತಕ್ಕಡಿ, ಮೊಳ, ಎಲ್ಲವನ್ನೂ ಬೋರಲು ಹಾಕಿಯೋ ಸುತ್ತಿಯೋ ಜಗಲಿಯಲ್ಲಿ ಕಾಣುವಂತೆ ಇಡಬೇಕು.

ಕಪ್ಪು ಬಟ್ಟೆಯ ಮಾತೇ ಬರಲಿಲ್ಲ ನೋಡಿ. ಬೇಕೂ ಇಲ್ಲ.

ಐದನೆಯದು: ನಷ್ಟ ಯಾರಿಗೆ, ಸಂದಿ ಎಲ್ಲಿ

ನಿಯಮ ಬರೆದ ಮೇಲೆ ಊರಿನ ಒಬ್ಬೊಬ್ಬರ ಮನೆಗೂ ಹೋಗಿ ಕೇಳಿ: ನಿಮಗೇನಾಯಿತು?

ಅಳತೆ ನಿಂತರೆ ವ್ಯಾಪಾರ ನಿಂತಿತು. ಅಂಗಡಿಯವನು ಹಲ್ಲು ಕಚ್ಚಿಕೊಂಡು ಕೂರುತ್ತಾನೆ. ಸಾಲ ಕೊಟ್ಟವನು ಬಡ್ಡಿ ಎಣಿಸುವಂತಿಲ್ಲ, ಹಾಗಾಗಿ ಸಾಲ ಮಾಡಿದವರೆಲ್ಲ ಬಂಡೆ ಯಾವಾಗ ಮುಳುಗುತ್ತದೆ ಅಂತ ಕಾಯುತ್ತಿರುತ್ತಾರೆ. ಕಳ್ಳರಿಗೆ ಸುಗ್ಗಿ. ದಪ್ಪ ಬೀಗ ಹಾಕಿ ಅಭ್ಯಾಸ ಇದ್ದ ದೊಡ್ಡ ಮನೆಯವರಿಗೆ ರಾತ್ರಿ ನಿದ್ದೆ ಇಲ್ಲ. ಗುಡಿಸಲಿನವರಿಗೆ ಏನೂ ವ್ಯತ್ಯಾಸ ಇಲ್ಲ, ಅವರ ಬಾಗಿಲಿಗೆ ಮೊದಲೂ ಅಗುಳಿ ಇರಲಿಲ್ಲ.

ಇನ್ನು ಕೂಲಿ. ಭತ್ತವೇ ಕೂಲಿಯಾದ ಊರಿನಲ್ಲಿ ಅಳತೆ ಇಲ್ಲ ಅಂದರೆ ಕೂಲಿ ಕೊಡೋದು ಹೇಗೆ? ನಾಟಿ ಕೆಲಸ ಬೇರೆ ಇದೆ. ಇಂಥ ಕಡೆ ಜನ ಸಂದಿ ಹುಡುಕಿಯೇ ಹುಡುಕುತ್ತಾರೆ, ಹುಡುಕಲೇಬೇಕು. ಮಂಕಾರಿನಲ್ಲಿ ಕೂಲಿ ಬೊಗಸೆ ಲೆಕ್ಕ. ಕೈಯಲ್ಲಿ ಎತ್ತಿ ಕೊಟ್ಟರೆ ಅದು ಅಳತೆಯಲ್ಲ, ದಾನ. ಒಳ್ಳೆಯದೇ ಅಲ್ವಾ? ಈಗ ನೋಡಿ. ಸಂಜೆ ಕೂಲಿ ಹಂಚುವ ಹೊತ್ತಿಗೆ ಧಣಿ ತನ್ನ ಐದು ವರ್ಷದ ಮಗಳನ್ನು ಕಣಜದ ಮುಂದೆ ನಿಲ್ಲಿಸುತ್ತಾನೆ. ‘ನೀನು ಕೊಡು ಮಗಾ, ಪುಣ್ಯ ಬರುತ್ತೆ.’ ಮಗು ಎರಡು ಪುಟ್ಟ ಕೈ ಸೇರಿಸಿ ಎತ್ತುತ್ತದೆ, ಬೆರಳ ಸಂದಿಯಿಂದ ಅರ್ಧ ಭತ್ತ ಮತ್ತೆ ಕಣಜಕ್ಕೇ ಸುರಿಯುತ್ತದೆ. ಕೂಲಿಯವರೂ ಏನು ಕಡಿಮೆ ಇಲ್ಲ. ಮಾರನೇ ದಿನ ಒಬ್ಬಳು ಆ ಮಗುವನ್ನು ಎತ್ತಿಕೊಂಡು ಮುದ್ದು ಮಾಡಿ, ಬೆರಳು ಬಿಗಿಯಾಗಿ ಸೇರಿಸೋದು ಹೇಗೆ ಅಂತ ಹೇಳಿಕೊಡುತ್ತಾಳೆ.

ಒಂದು ಅಧ್ಯಾಯಕ್ಕೆ ಇಷ್ಟು ಸಾಕು. ಶೋಕ ಅನ್ನೋ ಶಬ್ದ ಒಂದು ಸಲವೂ ಬೇಕಾಗಲಿಲ್ಲ.

ಆರನೆಯದು: ಮೈಗೆ ತಾಗುವ ಗುರುತು

ತಿಂಗಳು ಬಾಯಿಗೆ, ಕಿವಿಗೆ, ಮೂಗಿಗೆ ಗೊತ್ತಾಗಬೇಕು. ಕಕ್ಕಡ ಹದಿನೆಂಟು, ಸಾಮಾನ್ಯವಾಗಿ ಆಗಸ್ಟ್ 3ಕ್ಕೆ ಬರುತ್ತದೆ. ಅವತ್ತು ಕೊಡಗಿನ ಮನೆಮನೆಯಲ್ಲೂ ಮದ್ದು ಸೊಪ್ಪು. ಆ ದಿನ ಸೊಪ್ಪಿನಲ್ಲಿ ಹದಿನೆಂಟು ಬಗೆಯ ಔಷಧಿ ಸೇರಿಕೊಂಡಿರುತ್ತದೆ ಅನ್ನೋದು ನಂಬಿಕೆ. ಸೊಪ್ಪು, ಕಡ್ಡಿ ನೀರಿಗೆ ಹಾಕಿ ಕುದಿಸಿದರೆ ನೀರು ನೋಡುನೋಡುತ್ತಲೇ ಕಡು ನೇರಳೆಗೆ ತಿರುಗುತ್ತದೆ, ಅದರ ಘಮ ಅಡುಗೆಮನೆ ದಾಟಿ ಜಗಲಿಗೆ ಬರುತ್ತದೆ. ಆ ರಸದಲ್ಲಿ ಅಕ್ಕಿ ಬೇಯಿಸಿ, ಬೆಲ್ಲ ಕಾಯಿ ಹಾಕಿ ಪಾಯಸ. ಮಾರನೇ ಬೆಳಿಗ್ಗೆ ಮೂತ್ರದ ಬಣ್ಣ ಕೆಂಪಾಗಿರುತ್ತದೆ. ಗೊತ್ತಿಲ್ಲದ ನೆಂಟರು ಗಾಬರಿಯಾಗುತ್ತಾರೆ, ಮನೆಯವರು ನಗುತ್ತಾರೆ. ಹಬ್ಬ ಒಂದು ದಿನ ಮೈಯೊಳಗೇ ಉಳಿದುಕೊಂಡಿತು ಅಂತ ಇದಕ್ಕಿಂತ ಚೆನ್ನಾಗಿ ಹೇಳೋಕಾಗುತ್ತಾ? ನಿಮ್ಮ ತಿಂಗಳಿಗೂ ಇಂಥದ್ದೊಂದು ಕೊಡಿ. ನಾಲಿಗೆ ಕಪ್ಪಾಗಿಸುವ ಹಣ್ಣು, ಅಂಗೈಯಲ್ಲಿ ಉಳಿಯುವ ಕಲೆ, ಏನೋ ಒಂದು. ಮರೆಮಾಚಿ ತಿಂದವನ ನಾಲಿಗೆ ಅವನನ್ನೇ ಹಿಡಿದುಕೊಡಲಿ.

ಕಿವಿಗೂ ಏನಾದರೂ ಬೇಕು. ಕೊಡವರ ಮನೆಯಲ್ಲಿ ಗಂಡು ಮಗು ಹುಟ್ಟಿದರೆ ಕೋವಿಯಿಂದ ಒಂದು ಗುಂಡು, ಸಾವಾದರೆ ಒಂದರ ಹಿಂದೆ ಒಂದು ಎರಡು ಗುಂಡು. ತೋಟದ ನಡುವೆ ದೂರ ದೂರ ಇರುವ ಮನೆಗಳಿಗೆ ಅದೇ ಸುದ್ದಿ. ಮೊದಲ ಸದ್ದು ಕೇಳಿದವರು ಕೈಯಲ್ಲಿದ್ದ ಕೆಲಸ ನಿಲ್ಲಿಸಿ ಎರಡನೆಯದು ಬರುತ್ತದಾ ಅಂತ ಕಿವಿಗೊಡುತ್ತಾರೆ. ಕಥೆಗೆ ಬೇಕಾದ್ದು ಎರಡು ಸದ್ದುಗಳ ನಡುವಿನ ಆ ಗಳಿಗೆ.

ಏಳನೆಯದು: ತಿಂಗಳ ನಡುವೆ ಬದುಕು ನಿಲ್ಲಲ್ಲ

ಮಗು ಹುಟ್ಟುತ್ತದೆ. ಯಾರೋ ಸಾಯುತ್ತಾರೆ. ದೂರದಿಂದ ಯಾತ್ರಿಕರು ಬರುತ್ತಾರೆ. ಪ್ರತಿಯೊಂದಕ್ಕೂ ಒಂದೊಂದು ಸಾಲು ಬರೆದಿಟ್ಟುಕೊಳ್ಳಿ, ಸಾಕು. ಮಂಕಾರಿನಲ್ಲಿ ಹುಟ್ಟಿದ ಮಗುವಿನ ವಯಸ್ಸು ಯಾರೂ ಎಣಿಸುವಂತಿಲ್ಲ, ಎಣಿಕೆಯೂ ಅಳತೆಯೇ ಅಂತ ಹಟ ಹಿಡಿಯುವವರಿದ್ದಾರೆ. ಹಾಗಾದರೆ 32 ದಿನ ಎಣಿಸೋದು ಯಾರು? ಈ ಪ್ರಶ್ನೆ ನನಗೂ ಬಂತು. ಎಣಿಸುವ ಕೆಲಸ ಕೆಳಗಿನೂರಿನವರದ್ದು. ಅವರಿಗೆ ಸೂತಕ ಇಲ್ಲವಲ್ಲ.

ಎಂಟನೆಯದು: ಹೊರಗೆ ಬರುವ ಬಾಗಿಲು

ಶುರುವಿಗಿಂತ ಮುಕ್ತಾಯಕ್ಕೆ ಜಾಸ್ತಿ ತಲೆ ಕೆಡಿಸಿಕೊಳ್ಳಿ. ಮುಗಿಯುವ ವಿಧಾನ ಗೊತ್ತಿಲ್ಲದ ಸೂತಕ ಬರೀ ಬೇಸರ ತರಿಸುತ್ತದೆ, ಓದುವವರಿಗೂ.

ನಮ್ಮಲ್ಲಿ ಕಕ್ಕಡ ಕಳೆದು, ನಾಟಿ ಮುಗಿದು, ಸೆಪ್ಟೆಂಬರ್ 3ಕ್ಕೆ ಕೈಲ್‌ಪೊಳ್ದ್ ಬರುತ್ತದೆ. ಗದ್ದೆಯ ಸಲಕರಣೆಗಳನ್ನು ತೊಳೆದು, ಕೋವಿ ಕತ್ತಿಗಳನ್ನು ಹೊರಗೆ ತೆಗೆದು, ತೋಕ್ ಪೂ, ಅಂದರೆ ಕೋವಿ ಹೂವು, ಸಿಕ್ಕಿಸಿ ಪೂಜೆ. ಆಮೇಲೆ ಕಡಂಬುಟ್ಟು (ಅಕ್ಕಿ ತರಿಯ ಉಂಡೆ), ಪಂದಿ ಕರಿ (ಹಂದಿ ಸಾರು), ಮೈದಾನದಲ್ಲಿ ತೆಂಗಿನಕಾಯಿಗೆ ಗುರಿ ಇಟ್ಟು ಗುಂಡು ಹೊಡೆಯುವ ಪೈಪೋಟಿ. ಬಿಡುವಿಗೆ ಇಟ್ಟ ಸಾಮಾನು ಮತ್ತೆ ಕೈಗೆ ಬರೋದಕ್ಕೇ ಒಂದು ಹಬ್ಬ. ರೋಮಿನವರದ್ದೂ ಕೇಳಿ: ಪರೆಂಟಾಲಿಯಾ ಮುಗಿದ ಮಾರನೇ ದಿನ, ಫೆಬ್ರವರಿ 22ಕ್ಕೆ, ಕಾರಿಸ್ಟಿಯಾ ಅಂತ ಮನೆಮಂದಿಯೆಲ್ಲ ಸೇರಿ ಊಟ. ಮನಸ್ತಾಪ ಇದ್ದ ನೆಂಟರು ಅವತ್ತು ರಾಜಿಯಾಗಬೇಕು. ಸತ್ತವರಿಗೆ ಮಾಡಬೇಕಾದ್ದು ಮುಗಿಯಿತು, ಈಗ ಇರುವವರ ಕಡೆ ತಿರುಗಿ ಅನ್ನೋ ಹಾಗೆ.

ಇಲ್ಲಿ ಒಂದೇ ಪ್ರಶ್ನೆ ಕೇಳಿಕೊಳ್ಳಿ: ಮುಗಿಸುವ ಹಕ್ಕು ಯಾರದ್ದು? ಮಂಕಾರಿನಲ್ಲಿ 33ನೇ ಬೆಳಿಗ್ಗೆ ಕೆಳಗಿನೂರಿನ ಹಿರಿಯರೊಬ್ಬರು ಹತ್ತಿ ಬರಬೇಕು. ಕಣಜದ ಮುಂದೆ ಬೋರಲು ಬಿದ್ದ ಮೊದಲ ಸೇರನ್ನು ಅವರೇ ಎತ್ತಿ ನೆಟ್ಟಗೆ ಇಡಬೇಕು. ಅದಕ್ಕೆ ಮೇಲಿನೂರಿನವರು ತಲೆ ತಟ್ಟದೆ, ಅಂದರೆ ಮಟ್ಟ ಮಾಡದೆ, ಉಕ್ಕುವ ಹಾಗೆ ಭತ್ತ ತುಂಬಿ ಕೊಡಬೇಕು. ಅವರು ಬರದಿದ್ದರೆ? ತಡವಾಗಿ ಬಂದರೆ? ಬಂದು ಸೇರು ಮುಟ್ಟದೆ ಜಗಲಿಯಲ್ಲಿ ಕೂತುಬಿಟ್ಟರೆ? ಊರಿಗೆ ಊರೇ ಅಂಗಳದಲ್ಲಿ ನಿಂತು ಕಾಯುತ್ತಿದೆ, ಅಂಗಡಿಯವನ ಭತ್ತ ಮುಗ್ಗುತ್ತಿದೆ, ಸಾಲಗಾರರು ಒಳಗೊಳಗೇ ನಗುತ್ತಿದ್ದಾರೆ. ಕಾದಂಬರಿಯ ದೊಡ್ಡ ತಿರುವು ಬೇಕಾದರೆ ಇಲ್ಲಿ ಇಡಿ.

ಕೊನೆಗೆ: ಕಥೆಯೊಳಗೆ ಇಳಿಸೋದು

ಇಷ್ಟೆಲ್ಲ ಬರೆದುಕೊಂಡ ಮೇಲೆ ಎಲ್ಲವನ್ನೂ ಮೊದಲ ಪುಟದಲ್ಲಿ ಸುರಿಯಬೇಡಿ. ಆ ಊರಿನಲ್ಲಿ ಹುಟ್ಟಿದವರು ತಮ್ಮ ತಿಂಗಳನ್ನು ಯಾರಿಗೂ ವಿವರಿಸೋದಿಲ್ಲ, ಅದರೊಳಗೆ ಓಡಾಡಿಕೊಂಡಿರುತ್ತಾರೆ. ಒಂದು ಮಾದರಿ:

‘ಬಾಗಿಲು ಹಾಕ್ಕೊಂಡಿದ್ದೀಯಲ್ಲೇ, ಬಂಡೆ ಮುಳುಗಿದ್ದು ಗೊತ್ತಿಲ್ವಾ?’

‘ಗಾಳಿಗೆ ಹಾಕ್ಕೊಂಡಿದ್ದು ಅತ್ತೆ, ಅಗುಳಿ ಹಾಕಿಲ್ಲ.’

‘ನೋಡಿದವರಿಗೆ ಗಾಳಿ ಯಾವುದು, ಅಗುಳಿ ಯಾವುದು ಗೊತ್ತಾಗುತ್ತಾ? ಒಂದು ಕಲ್ಲು ಇಟ್ಟು ತೆರೆದಿಡು.’

ಓದುವವರಿಗೆ ಬಂಡೆ ಏನು, ಅಗುಳಿಯ ಗೊಡವೆ ಯಾಕೆ ಅಂತ ಇನ್ನೂ ಗೊತ್ತಿಲ್ಲ. ಪರವಾಗಿಲ್ಲ, ಹಿಂಬಾಲಿಸಿ ಬರುತ್ತಾರೆ.

ಮೂಲ ಕಥೆಯನ್ನು ಎರಡು ಥರ ಬರೆದಿಟ್ಟುಕೊಳ್ಳಿ. ಮೇಲಿನೂರಿನವರ ಪ್ರಕಾರ ಅವತ್ತು ಕಣಜದಲ್ಲಿ ಬೀಜದ ಭತ್ತ ಮಾತ್ರ ಇತ್ತು. ಕೆಳಗಿನೂರಿನವರ ಪ್ರಕಾರ ಅದು ತುಂಬಿ ತುಳುಕುತ್ತಿತ್ತು. ಯಾವುದು ನಿಜ ಅಂತ ಪುಸ್ತಕದಲ್ಲಿ ತೀರ್ಪು ಕೊಡಬೇಡಿ. ಆಟ ಆಡಿಸುವವರಾದರೆ, ಆಟಗಾರರು ಕೇಳಿದಾಗ ಅವರ ಪಾತ್ರ ಯಾವ ಊರಿನಲ್ಲಿ ನಿಂತಿದೆ ನೋಡಿ, ಆ ಊರಿನ ಕಥೆ ಹೇಳಿ.